ಮೂಕಿ ಚಿತ್ರದ ಮುಂದೆ ಮೈಕು ಹಿಡಿದು

ಹರಿಹರದ ನಮ್ಮ ಕಾಲೇಜಿನ ಅಧ್ಯಕ್ಷರ ಹುಟ್ಟುಹಬ್ಬಕ್ಕೆ ಈ ಸಲ ಮೂಕಿ ಚಿತ್ರ ತೋರಿಸಿದರು. ತಮ್ಮ ಎದುರು ಬೇರೆಯವರು ಮಾತಾಡುವುದು ಅವರಿಗೆ ಸೇರುವುದಿಲ್ಲವಾದ್ದರಿಂದ ಆಯ್ಕೆ ಸರಿಯಾಗಿಯೇ ಇತ್ತು. ದಾವಣಗೆರೆಯ ನನ್ನ ಗೆಳೆಯನೊಬ್ಬ ತಂದ ಹಳೆಯ ವಿದೇಶಿ ಚಿತ್ರ. ನಡುನಡುವೆ ಪರದೆಯ ಮೇಲೆ ಬರುವ ಬರಹ ಯಾರಿಗೂ ಓದಲು ಬಾರದ್ದು. ಹಾಗಾಗಿ ಕಥೆ ಹೇಳುವ ಕೆಲಸ ನನಗೆ ಬಿತ್ತು. ನಾನು ಅತಿಥಿ ಉಪನ್ಯಾಸಕ. ಪ್ರತಿವರ್ಷ ಅಧ್ಯಕ್ಷರು ಸಹಿ ಹಾಕಿದರೆ ನೌಕರಿ ಉಂಟು, ಇಲ್ಲದಿದ್ದರೆ ಇಲ್ಲ. ಈ ವರ್ಷದ ಸಹಿ ಇನ್ನೂ ಬಿದ್ದಿರಲಿಲ್ಲ.

ಕಥೆ ಸರಳ. ಒಬ್ಬ ದೊರೆ ಊರಿನ ಹೊಳೆಗೆ ಕಟ್ಟೆ ಹಾಕಿ ತೂಬಿಗೆ ಬೀಗ ಜಡಿಯುತ್ತಾನೆ. ಕುರಿ ಕಾಯುವವನೊಬ್ಬ ತಿರುಗಿ ಬೀಳುತ್ತಾನೆ. ಆ ಸೀಮೆಯ ಜನ ಇವತ್ತಿಗೂ ಅವನ ಮೇಲೆ ಪದ ಕಟ್ಟಿ ಹಾಡುತ್ತಾರಂತೆ. ಇಷ್ಟನ್ನು ಗೆಳೆಯ ಮೊದಲೇ ಹೇಳಿಕೊಟ್ಟಿದ್ದ.

ಎಡವಟ್ಟಾದದ್ದು ಶುರುವಿನಲ್ಲೇ. ಬಿಳಿ ಕುದುರೆಯ ಮೇಲೆ ಹುರಿಮೀಸೆಯ ದೊರೆ ಬಂದಕೂಡಲೇ ಹುಡುಗರು ಶಿಳ್ಳೆ ಹೊಡೆದರು. ಅವರು ನೋಡಿದ ಸಿನಿಮಾಗಳಲ್ಲಿ ಹಾಗೆ ಬರುವವನೇ ಹೀರೋ. ನಮ್ಮ ಅಧ್ಯಕ್ಷರ ಹಾಗೇ ಇದ್ದಾನೆ ಎಂದು ಯಾರೋ ಕೂಗಿಯೂಬಿಟ್ಟರು. ಮುಂದಿನ ಸಾಲಿನಲ್ಲಿದ್ದ ಅಧ್ಯಕ್ಷರು ಮೀಸೆ ತೀಡಿಕೊಂಡು ನನ್ನ ಕಡೆ ತಿರುಗಿ ನಕ್ಕರು. ಗಾಳಿ ಬಂದಾಗ ತೂರಿಕೋ ಅನ್ನುತ್ತಾರಲ್ಲ, ತೂರಿಕೊಂಡೆ. ಇವರೇ ನಮ್ಮ ಕಥಾನಾಯಕರು ಎಂದು ಮೈಕಿನಲ್ಲಿ ಸಾರಿದೆ.

ಆಮೇಲೆ ಹಿಂದಕ್ಕೆ ಬರುವ ದಾರಿ ಇರಲಿಲ್ಲ. ಬೀಗ ಜಡಿದರೆ ನೀರು ಪೋಲಾಗದಿರಲೆಂಬ ಕಾಳಜಿ, ಚಾಟಿ ಬೀಸಿದರೆ ಶಿಸ್ತು. ಕುರಿಗಾಹಿ ದಾರಿ ತಪ್ಪಿದ ಯುವಕನಾದ. ಕೊನೆಗೆ ಅವನು ಬೀಗ ಒಡೆದು ತೂಬು ಎತ್ತಿದಾಗ, ಅದು ಪ್ರಭುಗಳ ಅಪ್ಪಣೆ ಪಡೆದು ನಡೆದ ಉದ್ಘಾಟನೆ ಎಂದೆ. ಪ್ರಭುಗಳೇ ಆ ನೀರಿನಲ್ಲಿ ಕೊಚ್ಚಿಹೋದರು. ಅದಕ್ಕೆ ಪುಣ್ಯಸ್ನಾನ ಎಂದು ಹೆಸರಿಟ್ಟೆ. ಜೋರು ಚಪ್ಪಾಳೆ ಬಿತ್ತು. ಅಧ್ಯಕ್ಷರು ನನ್ನ ಬೆನ್ನು ತಟ್ಟಿ, ಈ ವರ್ಷವೂ ನೀವೇ ಇರಬೇಕು ಎಂದರು.

ಕುರ್ಚಿ ತುಂಬಿಸಲು ಸಿಬ್ಬಂದಿಯ ಮನೆಯವರನ್ನೂ ಕರೆಸಿದ್ದರು, ಹಾಗಾಗಿ ನನ್ನ ಅವ್ವನೂ ಬಂದಿದ್ದಳು. ಅವಳಿಗೆ ಕಿವಿ ಬಹಳ ಮಂದ. ಹತ್ತಿರ ನಿಂತು ಕೂಗಿದರಷ್ಟೇ ಕೇಳುತ್ತದೆ. ಸಂಜೆ ಭಾನುವಳ್ಳಿ ಬಸ್ಸಿನಲ್ಲಿ ಅವಳಿಗೆ ಹಿಗ್ಗೋ ಹಿಗ್ಗು.

"ನೀ ಮೈಕಿನಾಗ ಏನಂದ್ಯೋ ಒಂದೂ ಕೇಳ್ಲಿಲ್ಲಪ್ಪ," ಅಂದಳು. "ಆದ್ರೂ ಕತೆ ಎಲ್ಲಾ ತಿಳೀತು. ನೀರು ಕಟ್ಟಿದವನಿಗೆ ಆ ಕುರಿ ಕಾಯೋನು ಹೆಂಗೆ ಬುದ್ಧಿ ಕಲಿಸಿದ ನೋಡು. ನಿಮ್ಮ ಅಧ್ಯಕ್ಷನ್ನ ಎದುರಿಗೇ ಕೂಡ್ರಿಸ್ಕೊಂಡು ಇಂಥಾ ಕತೆ ಹೇಳಿದ್ಯಲ್ಲ, ನಿನಗೆ ಧೈರ್ಯ ಐತೆ ಬಿಡು."

ನಾಚಿಕೆಯಿಂದ ನನಗೆ ಕೂರಲಾಗಲಿಲ್ಲ. ಅವಳಿಗೆ ನಿಜ ಹೇಳಬೇಕೆಂದರೆ ಬಸ್ಸಿಗೆಲ್ಲ ಕೇಳುವಂತೆ ಕೂಗಬೇಕಿತ್ತು. ಅಕ್ಕಪಕ್ಕ ನಿಂತವರೆಲ್ಲ ನಮ್ಮ ಕಾಲೇಜಿನವರೇ. ಹೌದೆಂದು ತಲೆಯಾಡಿಸಿದೆ.