ನಾಲ್ಕು ಕುರ್ಚಿ, ಎರಡು ಬೆಡ್‌ಶೀಟು

ಹೊಸ ಬೆಡ್‌ಶೀಟನ್ನು ಎಂದಾದರೂ ಹರಿದು ನೋಡಿದ್ದೀರಾ? ಅಂಚಿಗೆ ಕತ್ತರಿಯಿಂದ ಚೂರು ಕಚ್ಚು ಹಾಕಿ ಎರಡೂ ಕೈಯಲ್ಲಿ ಎಳೆದರೆ ಪರ್ರೆಂದು ನೆಟ್ಟಗೆ ಸೀಳಿಕೊಂಡು ಹೋಗುತ್ತದೆ. ಗಂಜಿಯ ವಾಸನೆ ಮೂಗಿಗೆ ಬಡಿಯುತ್ತದೆ. ಕಳೆದ ವಾರ ನಮ್ಮ ಪ್ಲಾಸ್ಟಿಕ್ ಕುರ್ಚಿಗಳಿಗೆ ಕವರು ಹೊಲಿಯೋಣವೆಂದು ಒಂದು ಬೆಡ್‌ಶೀಟು ಕೊಂಡುತಂದೆ. ಒಂದು ಗೇಣು ಹರಿದೆ. ಆ ವಾಸನೆ ಬಂತು ನೋಡಿ, ಕೈ ಮುಂದಕ್ಕೆ ಹೋಗಲಿಲ್ಲ.

ಅರವತ್ತರ ದಶಕದ ಮೊದಲ ವರ್ಷಗಳು. ನಮ್ಮ ಜಯನಗರ ಆಗಿನ್ನೂ ಅರೆಬರೆ ಊರು. ನಾಲ್ಕು ಮನೆ, ಆಮೇಲೆ ಖಾಲಿ ಸೈಟು, ಸೈಟಿನಲ್ಲಿ ಯಾರದೋ ಹಸು. ನಮ್ಮ ಹೊಸ ಮನೆಯಲ್ಲಿ ದೊಡ್ಡ ಹಾಲ್ ಇತ್ತು, ಕುರ್ಚಿ ಮಾತ್ರ ಒಂದೇ. ಬೆತ್ತ ಸಡಿಲಿ, ಕೂತವರು ಮಾತಾಡುತ್ತ ಮಾತಾಡುತ್ತ ಒಳಕ್ಕಿಳಿಯುತ್ತಿದ್ದರು. ಅಂಥ ಮನೆಗೆ ಅಕ್ಕನನ್ನು ನೋಡಲು ಗಂಡಿನವರು ಬರುವುದಾಗಿ ಹೇಳಿಕಳಿಸಿದರು.

ಹೆಣ್ಣು ನೋಡುವ ದಿನಕ್ಕೆ ಕುರ್ಚಿ ಎರವಲು ತರುವುದು ಆಗ ಅವಮಾನವೇನಲ್ಲ. ಕೊಟ್ಟ ಮನೆಯವರೇ ಒರೆಸಿ ಕೊಡುತ್ತಿದ್ದರು. ಮೂರು ಮನೆಯಿಂದ ಮೂರು ಬಂದವು. ಒಂದಕ್ಕೆ ಕೈಗಳಿವೆ, ಒಂದಕ್ಕಿಲ್ಲ, ಮತ್ತೊಂದು ಹೆಡ್‌ಮಾಸ್ಟರರಂತೆ ಸೆಟೆದು ನಿಂತಿದೆ. ಅಮ್ಮ ದೂರ ನಿಂತು ನೋಡಿದಳು. “ಯಾರ್ಯಾರ ಮನೇದು ಅಂತ ಮುಖದ ಮೇಲೇ ಬರ್ಕೊಂಡಿವೆ. ಎಲ್ಲಕ್ಕೂ ಒಂದೇ ಬಟ್ಟೆ ತೊಡಿಸ್ಬೇಕು” ಎಂದು ಟ್ರಂಕಿನಿಂದ ನೀಲಿ ಪಟ್ಟೆಯ ಎರಡು ಹೊಸ ಬೆಡ್‌ಶೀಟು ತೆಗೆದಳು.

ಹೊಲಿದವಳು ನಾನು. ಹದಿಮೂರು ವರ್ಷ, ಲೆಕ್ಕದಲ್ಲಿ ದಡ್ಡಿ, ಮಿಷನ್ನಿನ ಮುಂದೆ ರಾಣಿ. ಬಟ್ಟೆಯನ್ನು ಬಿಸಿನೀರಿಗೆ ಹಾಕಿ ಒಣಗಿಸಿದೆ, ಇಲ್ಲದಿದ್ದರೆ ಮೊದಲ ಒಗೆತಕ್ಕೇ ಕುಗ್ಗಿಬಿಡುತ್ತದೆ. ಹಳೆ ಪೇಪರನ್ನು ಕುರ್ಚಿಯ ಮೇಲೆ ಹರಡಿ ಅಳತೆ ತೆಗೆದೆ. ಹಿಂದೆ ಕಟ್ಟಲು ಲಾಡಿ ಇಟ್ಟೆ. ಕಷ್ಟದ ಕೆಲಸ ಪಟ್ಟೆಯದು: ಬೆನ್ನಿನಿಂದ ಇಳಿದ ಪಟ್ಟೆ ಕೂರುವ ಜಾಗದ ಪಟ್ಟೆಗೆ ಕೂದಲೆಳೆಯೂ ತಪ್ಪದೆ ಸೇರಬೇಕು. ಮೂರು ಸಲ ಬಿಚ್ಚಿ ಹೊಲಿದೆ. ಯಾರೂ ಕೇಳಿರಲಿಲ್ಲ, ನನ್ನದೇ ಜಂಬ.

“ಹುಡುಗನ ತಾಯಿಗೆ ಹೊಲಿಗೆ ಬರೋ ಸೊಸೇನೇ ಬೇಕಂತೆ” ಎಂದಳು ಅಮ್ಮ. “ಕೇಳಿದ್ರೆ ಇದೆಲ್ಲ ಅಕ್ಕ ಹೊಲಿದದ್ದು. ತಿಳೀತಾ? ಮದುವೆಗೆ ನಿಂಗೆ ರೇಷ್ಮೆ ಲಂಗ.”

ಅಕ್ಕ ಪಿಯುಸಿಯಲ್ಲಿದ್ದಳು. ಲೆಕ್ಕವೆಂದರೆ ಊಟ ಮರೆಯುತ್ತಿದ್ದಳು, ಬಿ.ಎಸ್ಸಿ. ಮಾಡುವ ಆಸೆ. ಸೂಜಿಗೆ ದಾರ ಪೋಣಿಸಲು ಮಾತ್ರ ನನ್ನನ್ನೇ ಕರೆಯಬೇಕು. ಅಮ್ಮ ಒಳಗೆ ಹೋದದ್ದೇ ನನ್ನ ಪಕ್ಕ ಬಂದು ಕೂತಳು. “ನಿಜ ಹೇಳ್ಬಿಡೇ. ನಂಗೆ ಹೊಲಿಗೆ ಬರಲ್ಲ ಅಂತ ಗೊತ್ತಾದ್ರೆ ಅವರೇ ಎದ್ದು ಹೋಗ್ತಾರೆ. ಪರೀಕ್ಷೆ ಬರೀಬೇಕು ಕಣೇ.” ಆಯ್ತು ಎಂದೆ. ಕೈಮೇಲೆ ಕೈಯಿಟ್ಟು ಆಣೆ ಮಾಡಿದೆ.

ಅವರು ಬಂದರು. ಉಪ್ಪಿಟ್ಟು, ಕೇಸರಿಬಾತು, ಅಕ್ಕನ ಒಂದು ಹಾಡು. ಹುಡುಗನ ತಾಯಿ ಹಾಡು ಕೇಳಿದಂತೆ ಕಾಣಲಿಲ್ಲ. ಪಕ್ಕದ ಖಾಲಿ ಕುರ್ಚಿಯ ಮೇಲೆ ಬೆರಳಾಡಿಸಿದರು. ಬೆರಳು ಪಟ್ಟೆಯ ಗುಂಟ ಬೆನ್ನಿನಿಂದ ಇಳಿಯಿತು, ಸೇರುವೆಯ ಬಳಿ ನಿಂತಿತು. ನನ್ನ ಎದೆ ಉಬ್ಬಿತು ಎಂದರೆ ನಂಬುತ್ತೀರಾ? ಅಕ್ಕನ ಮುಖ ನೋಡಬೇಕಾದ ಹೊತ್ತಿನಲ್ಲಿ ನಾನು ಆ ಬೆರಳನ್ನು ನೋಡುತ್ತಿದ್ದೆ.

“ಯಾರಮ್ಮ ಹೊಲಿದಿದ್ದು? ನಿಮ್ಮಕ್ಕನಾ?” ಎಂದು ನನ್ನನ್ನೇ ಕೇಳಿದರು.

ಅಮ್ಮ ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದಳು. ಅಮ್ಮನ ಹೆದರಿಕೆಯಿಂದ ಹಾಗೆಂದೆ ಎಂದು ಎಷ್ಟೋ ವರ್ಷ ನನಗೆ ನಾನೇ ಹೇಳಿಕೊಂಡೆ. ಅದು ಸುಳ್ಳು. ನನಗೆ ಲಂಗ ಬೇಕಿತ್ತು.

“ಹೂಂ. ಎಲ್ಲಾ ಅಕ್ಕಂದೇ.”

“ಇಂಥ ಕೈ ನಮ್ಮನೆಗೆ ಬೇಕು ನೋಡಿ” ಎಂದರು ಆಕೆ. ಅಲ್ಲಿಗೆ ಮುಗಿಯಿತು.

ಮದುವೆ ಪರೀಕ್ಷೆಗೆ ಮೊದಲೇ ಆಯಿತು. ಗಂಡನ ಮನೆಗೆ ಹೋದ ಮೊದಲ ವಾರದಲ್ಲೇ ಅತ್ತೆ ಅವಳನ್ನು ಮಿಷನ್ನಿನ ಮುಂದೆ ಕೂರಿಸಿದರಂತೆ. ಅಕ್ಕ ಚಕ್ರವನ್ನು ಹಿಂದಕ್ಕೆ ತಿರುಗಿಸಿ ದಾರ ತುಂಡು ಮಾಡಿದಳಂತೆ. ಆಮೇಲೆ ಆ ಮನೆಯಲ್ಲಿ ಅವಳ ಹೆಸರು “ಸುಳ್ಳು ಹೇಳಿ ಬಂದವಳು”. ಸಾರಿಗೆ ಉಪ್ಪು ಹೆಚ್ಚಾದರೆ, “ಇದೂ ತಂಗಿ ಕೈಯದಾ?” ಪುಸ್ತಕ ಹಿಡಿದರೆ, “ಮೊದಲು ಹೊಲಿಗೆ ಕಲಿ.” ಕಲಿತಳು. ಆ ಮನೆಯ ದಿಂಬು, ಪರದೆ, ನಾದಿನಿಯರ ಬಾಣಂತನದ ಬಟ್ಟೆ ಎಲ್ಲ ಅವಳೇ ಹೊಲಿದಳು. ನಾನು ಲಂಗ ಉಟ್ಟು ಮದುವೆಮನೆಯೆಲ್ಲ ಓಡಾಡಿದೆ. ಮರುವರ್ಷಕ್ಕೇ ಅದು ಗಿಡ್ಡವಾಯಿತು.

ಇಷ್ಟು ವರ್ಷ ಈ ಮಾತು ನಮ್ಮಿಬ್ಬರ ನಡುವೆ ಬಂದದ್ದಿಲ್ಲ. ಕಳೆದ ವಾರ ಕತ್ತರಿ ಕೆಳಗಿಟ್ಟು, ಬಸ್ಸು ಹಿಡಿದು, ಬನಶಂಕರಿಯ ಅವಳ ಮನೆಗೆ ಹೋದೆ. ಹುರುಳಿಕಾಯಿ ಸೋಸುತ್ತಿದ್ದಳು. ಎದುರಿಗೆ ಕೂತು, “ಅವತ್ತು ನಾನು ನಿಜ ಹೇಳಬೇಕಿತ್ತಕ್ಕ” ಎಂದೆ.

ಯಾವತ್ತು ಎಂದು ಅವಳು ಕೇಳಲಿಲ್ಲ. ನಾರು ತೆಗೆಯುತ್ತಲೇ ಹೇಳಿದಳು: “ನಿನ್ನನ್ನಾದ್ರೂ ಒಂದು ಮಾತು ಕೇಳಿದ್ರು ಕಣೇ. ನಂಗೆ ಹಾಡು ಅಂದ್ರು, ಅಷ್ಟೇ.”

ಕ್ಷಮೆಯ ಮಾತು ಕಟ್ಟಿಕೊಂಡು ಹೋಗಿದ್ದೆ. ಅದರ ಬದಲು, ನಮ್ಮ ಮನೆಯ ಯಾರೂ ಕೇಳದಿದ್ದುದನ್ನು ನಾನು ಕೇಳಿದೆ: “ಕೇಳಿದ್ದಿದ್ರೆ ಏನ್ ಹೇಳ್ತಿದ್ದೆ?”

ಅವಳ ಕೈ ನಿಂತಿತು.

“ಈಗ್ಯಾಕೆ?” ಎಂದಳು.