ಆಂಥ್ರಾಕ್ಸ್ ಭಾಷಣ ಮತ್ತು ಭಾನುವಾರದ ಮಟನ್

ಜೀವಮಾನವೆಲ್ಲ ಪಾಠ ಹೇಳಿದವನಿಗೆ ನಿವೃತ್ತಿಯಾದ ಮೇಲೆ ಕಾಡುವುದು ಮಂಡಿನೋವಲ್ಲ, ಕೇಳುವವರಿಲ್ಲದ ಸಂಕಟ. ಮನೆಯಲ್ಲಿ ನಾನು ಬಾಯಿ ತೆರೆದರೆ ಹೆಂಡತಿ ಮಿಕ್ಸಿ ಹಾಕುತ್ತಾಳೆ. ಹಾಗಾಗಿ ನಮ್ಮ ಅಪಾರ್ಟ್‌ಮೆಂಟ್ ಸಂಘದ ಸೆಕ್ರೆಟರಿ ಬಂದು, “ಸಾರ್, ಶನಿವಾರ ಸಂಜೆ ನಮ್ಮೋರಿಗೆಲ್ಲ ಆರೋಗ್ಯದ ಮೇಲೆ ಒಂದು ಟಾಕ್ ಕೊಡ್ಬೇಕು” ಎಂದಾಗ ಅವರ ಮಾತು ಮುಗಿಯುವ ಮೊದಲೇ ಒಪ್ಪಿಕೊಂಡೆ.

ಸೆಕ್ರೆಟರಿಯ ಮನಸ್ಸಿನಲ್ಲಿದ್ದದ್ದು ಸಕ್ಕರೆ ಕಾಯಿಲೆ. ನಾನು ಕಂಟೋನ್ಮೆಂಟಿನ ಒಂದು ಕಾಲೇಜಿನಲ್ಲಿ ಸೂಕ್ಷ್ಮಜೀವಿಶಾಸ್ತ್ರ ಕಲಿಸಿದವನು. ವರ್ಷಕ್ಕೊಮ್ಮೆ ನಾನು ಮಾಡುತ್ತಿದ್ದ ಒಂದೇ ಒಂದು ಪಾಠಕ್ಕೆ ಹಿಂದಿನ ಬೆಂಚಿನವರೂ ಎದ್ದು ಕೂರುತ್ತಿದ್ದರು. ಅದು ಆಂಥ್ರಾಕ್ಸ್ ಪಾಠ. ನಮ್ಮ ಕಡೆ ದನಕುರಿಗಳಿಗೆ ಬರುವ ನೆರಡಿ ರೋಗವೇ ಅದು. ಅದನ್ನು ಹಿಡಿದು ದೊಡ್ಡ ದೊಡ್ಡ ದೇಶಗಳು ಹೇಗೆ ಆಯುಧ ಮಾಡಲು ಹೊರಟವು ಎನ್ನುವುದು ಪಾಠದ ವಿಷಯ. ಸಕ್ಕರೆ ಕಾಯಿಲೆಯಲ್ಲಿ ಗೂಢಚಾರರು ಬರುವುದಿಲ್ಲ, ಇದರಲ್ಲಿ ಬರುತ್ತಾರೆ. ಆಯ್ಕೆ ಕಷ್ಟವಾಗಲಿಲ್ಲ.

ಶನಿವಾರ ಸಂಜೆ ಕೆಳಗಿನ ಹಾಲ್‌ನಲ್ಲಿ ಜನ ತುಂಬಿದ್ದರು. ಕಾಫಿ, ಬೋಂಡ ಇದೆ ಎಂದು ಮೊದಲೇ ಸಾರಿದ್ದು ಅದಕ್ಕೆ ಕಾರಣ ಎಂದು ಹೆಂಡತಿ ಹೇಳುತ್ತಾಳೆ. ಇರಲಿ. ಮೊದಲನೇ ಮಹಾಯುದ್ಧದಲ್ಲಿ ಶತ್ರುಗಳ ಕುದುರೆ, ಹೇಸರಗತ್ತೆಗಳಿಗೆ ಈ ರೋಗ ಹತ್ತಿಸಲು ಬೇಹುಗಾರರು ಕದ್ದು ಓಡಾಡಿದ್ದನ್ನು ಹೇಳಿದೆ. ಎರಡನೇ ಯುದ್ಧದ ಕಾಲದಲ್ಲಿ ಇಂಗ್ಲಿಷರು ಸ್ಕಾಟ್ಲೆಂಡಿನ ಪುಟ್ಟ ದ್ವೀಪವೊಂದರಲ್ಲಿ ಕುರಿಗಳನ್ನು ಕಟ್ಟಿ ಬಾಂಬು ಪರೀಕ್ಷೆ ಮಾಡಿದ್ದು, ಆಮೇಲೆ ದಶಕಗಟ್ಟಲೆ ಆ ದ್ವೀಪಕ್ಕೆ ಯಾರೂ ಕಾಲಿಡದಂತಾದದ್ದು ಹೇಳಿದೆ. ಈ ರೋಗದ ಬೀಜಕಣಗಳು ಬಿಸಿಲು, ಚಳಿ, ಬರ ಯಾವುದಕ್ಕೂ ಜಗ್ಗದೆ ಮಣ್ಣಿನಲ್ಲಿ ಮಲಗಿರುತ್ತವೆ ಎಂದಾಗ ಮುಂದಿನ ಸಾಲಿನ ಅಜ್ಜಿ ಪಾದ ಎತ್ತಿ ಕುರ್ಚಿಯ ಮೇಲೆ ಇಟ್ಟುಕೊಂಡರು. ಅಷ್ಟು ಒಳ್ಳೆಯ ಸಭೆ ನನಗೆ ಕಾಲೇಜಿನಲ್ಲೂ ಸಿಕ್ಕಿರಲಿಲ್ಲ.

ಪಾಠದ ಕಳಸವೆಂದರೆ ರಷ್ಯಾದ ಆ ಊರು. ಸೋವಿಯತ್ ಕಾಲದಲ್ಲಿ ಅಲ್ಲಿ ಗುಟ್ಟಾಗಿ ಆಂಥ್ರಾಕ್ಸ್ ಪುಡಿ ತಯಾರಿಸುವ ಜಾಗವಿತ್ತು. ಒಂದು ದಿನ ಯಾರೋ ಗಾಳಿಯ ಫಿಲ್ಟರ್ ಬಿಚ್ಚಿದರು, ಮತ್ತೆ ಹಾಕಲಿಲ್ಲ. ಪುಡಿ ಗಾಳಿಗೆ ಸೇರಿ, ಗಾಳಿ ಬೀಸಿದ ದಿಕ್ಕಿನಲ್ಲಿದ್ದ ಜನ ಸತ್ತರು. ಸರ್ಕಾರ ಏನು ಹೇಳಿತು? ಕೆಟ್ಟ ಮಾಂಸ ತಿಂದು ಸತ್ತರು ಎಂದಿತು. ನಿಜ ಹೊರಬರಲು ಬಹಳ ವರ್ಷ ಹಿಡಿಯಿತು. ಇಲ್ಲಿ ನಾನು ಸ್ವಲ್ಪ ಅಭಿನಯ ಸೇರಿಸುತ್ತೇನೆ. ಆ ದಿನವೂ ಸೇರಿಸಿದೆ. ಎದೆ ಉಬ್ಬಿಸಿ, ಬೆರಳೆತ್ತಿ, ಅಲ್ಲಿನ ಅಧಿಕಾರಿಯಂತೆ ಗುಡುಗಿದೆ: “ನಾಗರಿಕರೇ! ಈ ಸಾವುಗಳಿಗೆಲ್ಲ ಕಾರಣ ಮಾಂಸ! ಬೀದಿ ಅಂಗಡಿಯ ಮಾಂಸ ಮುಟ್ಟಬೇಡಿ! ಆಂಥ್ರಾಕ್ಸ್ ಇರುವುದು ಅದರಲ್ಲೇ!”

ಚಪ್ಪಾಳೆ ಬಿತ್ತು. ಅದೇ ಹೊತ್ತಿಗೆ ಬೋಂಡದ ತಟ್ಟೆಯೂ ಬಂತು. ಅಲ್ಲಿಯವರೆಗೆ ಫೋನಿನಲ್ಲಿ ನನ್ನ ವಿಡಿಯೋ ತೆಗೆಯುತ್ತಿದ್ದ ಸೆಕ್ರೆಟರಿ, ಒಂದು ಕೈಯಲ್ಲಿ ಬೋಂಡ ಇನ್ನೊಂದರಲ್ಲಿ ಚಟ್ನಿ ಹಿಡಿಯಬೇಕಾಗಿ ಬಂದದ್ದರಿಂದ ಫೋನ್ ಜೇಬಿಗಿಟ್ಟರು. ‘ಇದು ಹಸಿ ಸುಳ್ಳು’ ಎಂದು ನಾನು ವಿವರಿಸಿದ್ದು ಬೋಂಡ ಅಗಿಯುವ ಸದ್ದಿನಲ್ಲಿ ನಡೆಯಿತು.

ಕೊನೆಯ ಆ ತುಣುಕನ್ನು ಮಾತ್ರ ಕತ್ತರಿಸಿ ಅವರು ವಾಟ್ಸಾಪಿಗೆ ಹಾಕಿದರು. ಮೇಲೆ ಕೈಮುಗಿಯುವ ಚಿತ್ರ, ‘ಖ್ಯಾತ ಪ್ರೊಫೆಸರ್ ಎಚ್ಚರಿಕೆ, ತಪ್ಪದೆ ನೋಡಿ, ಎಲ್ಲರಿಗೂ ಕಳಿಸಿ’. ಎಲ್ಲರೂ ಎಲ್ಲರಿಗೂ ಕಳಿಸಿದರು. ಮರುದಿನ ನಾವು ತಿಂಡಿ ತಿನ್ನುವಷ್ಟರಲ್ಲಿ ಹೊಸ ತಿಪ್ಪಸಂದ್ರದಿಂದ ನನ್ನ ನಾದಿನಿಯ ಫೋನ್ ಬಂತು. “ಅಕ್ಕಾ, ಭಾವ ಹೇಳಿದ್ಮೇಲೆ ಮುಗೀತು, ನಮ್ಮನೇಲಿ ಇವತ್ತು ಮಟನ್ ಕ್ಯಾನ್ಸಲ್. ಮೊಟ್ಟೆ ತಿನ್ಬೋದಾ ಕೇಳು.”

ಹೆಂಡತಿ ನನ್ನ ಕಡೆ ನೋಡಿದ ನೋಟವನ್ನು ವರ್ಣಿಸಲಾರೆ.

ನಮ್ಮ ಸರ್ವಜ್ಞನಗರದ ಬೀದಿಯ ತುದಿಯಲ್ಲಿ ಒಂದು ಮಟನ್ ಅಂಗಡಿಯಿದೆ. ಅಂಗಡಿಯವರನ್ನು ಇಡೀ ಬೀದಿ ಭಾಯ್ ಎನ್ನುತ್ತದೆ. ಅವರ ತಂದೆಯ ಕಾಲದಿಂದ ಅಲ್ಲಿ ಒಂದು ಪದ್ಧತಿ ನಡೆದುಬಂದಿದೆ. ಭಾನುವಾರ ಅಲ್ಲಿ ಜನ ಸಾಲು ನಿಲ್ಲುವುದಿಲ್ಲ, ಪಾತ್ರೆಗಳು ನಿಲ್ಲುತ್ತವೆ. ಬೆಳಗ್ಗೆಯೇ ಬಂದು ಅಂಗಡಿಯ ಮುಂದಿನ ಕಲ್ಲುಚಪ್ಪಡಿಯ ಮೇಲೆ ನಮ್ಮ ಪಾತ್ರೆ ಇಟ್ಟು, ಚರ್ಚಿಗೆ ಹೋಗುವವರು ಚರ್ಚಿಗೆ, ವಾಕಿಂಗಿಗೆ ಹೋಗುವವರು ವಾಕಿಂಗಿಗೆ, ಇಡ್ಲಿ ತಿನ್ನುವವರು ಇಡ್ಲಿಗೆ. ಬಾಗಿಲು ತೆರೆಯುವಾಗ ಹಿಂತಿರುಗಿದರೆ ಸಾಕು. ಒಬ್ಬರ ಪಾತ್ರೆಯನ್ನು ಇನ್ನೊಬ್ಬರು ಸರಿಸುವುದಿಲ್ಲ. ಟ್ರಾಫಿಕ್ ಸಿಗ್ನಲ್ಲಿಗೆ ಕೊಡದ ಮರ್ಯಾದೆಯನ್ನು ನಮ್ಮ ಜನ ಆ ಪಾತ್ರೆಗಳಿಗೆ ಕೊಡುತ್ತಾರೆ.

ಆ ಭಾನುವಾರ ನಾನು ಓಡಿಹೋಗಿ ನೋಡಿದರೆ ಚಪ್ಪಡಿಯ ಮೇಲೆ ಒಂದೂ ಪಾತ್ರೆ ಇರಲಿಲ್ಲ. ಒಳಗೆ ಕುರಿಗಳು ಕೊಕ್ಕೆಯಲ್ಲಿ ನೇತಾಡುತ್ತಿದ್ದವು. ಭಾಯ್ ಸ್ಟೂಲಿನ ಮೇಲೆ ಕೂತು ಫೋನ್ ನೋಡುತ್ತಿದ್ದರು. ಫೋನಿನಲ್ಲಿ ನಾನೇ ಗುಡುಗುತ್ತಿದ್ದೆ.

“ಪ್ರೊಫೆಸರ್ ಸಾಬ್, ನಾನ್ ನಿಮ್ಗೆ ಏನ್ ಮಾಡಿದ್ದೆ?” ಎಂದರು. ಎದ್ದು ಹೋಗಿ ಕುರಿಯ ತೊಡೆಯ ಮೇಲಿದ್ದ ನೀಲಿ ಸೀಲು ತೋರಿಸಿದರು. “ನೋಡಿ, ಡಾಕ್ಟ್ರು ನೋಡಿ ಹಾಕಿರೋ ಸೀಲು. ಸತ್ತಿದ್ದು, ಕಾಯ್ಲೆ ಬಿದ್ದಿದ್ದು ನಮ್ ಅಂಗ್ಡಿ ಮೆಟ್ಲು ಹತ್ತಿಲ್ಲ, ಅಬ್ಬಾ ಕಾಲ್ದಿಂದ.”

ಅವರು ಹೇಳಿದ್ದು ಸರಿ. ರೋಗ ಬಂದು ಸತ್ತ ಪ್ರಾಣಿಯನ್ನು ಕೊಯ್ದು ತಿಂದರೆ ಆಂಥ್ರಾಕ್ಸ್ ಬರಬಹುದು, ಅದು ನಿಜ. ಆ ಸೋವಿಯತ್ ಸುಳ್ಳನ್ನು ಲೋಕ ನಂಬಿದ್ದು ಅದರಲ್ಲಿ ಇಷ್ಟು ನಿಜ ಬೆರೆತಿದ್ದರಿಂದಲೇ. ಆದರೆ ಪರೀಕ್ಷೆಯಾಗಿ ಬಂದ ಆರೋಗ್ಯವಂತ ಕುರಿಗೂ ಅದಕ್ಕೂ ಏನು ಸಂಬಂಧ? ಇದನ್ನೆಲ್ಲ ಸಂಘದ ಗುಂಪಿನಲ್ಲಿ ಉದ್ದಕ್ಕೆ ಬರೆದು ಹಾಕಿದೆ. ಉತ್ತರವಾಗಿ ಎರಡು ಹೆಬ್ಬೆರಳು, ಒಂದು ಗುಲಾಬಿ ಹೂವಿನ ಶುಭೋದಯ ಬಂದವು. ಎರಡನೇ ಭಾಷಣ ಕೊಡುತ್ತೇನೆಂದು ಹಟ ಹಿಡಿದು ಹಾಲ್ ತೆರೆಸಿದೆ. ಪಾದ ಎತ್ತಿಟ್ಟುಕೊಂಡಿದ್ದ ಅಜ್ಜಿ ಒಬ್ಬರೇ ಬಂದು, ಬೋಂಡ ಇಲ್ಲವೆಂದು ತಿಳಿದು ಎದ್ದುಹೋದರು. ಹೆದರಿಸುವಾಗ ಕಿಕ್ಕಿರಿದಿದ್ದ ಜನ ಧೈರ್ಯ ಹೇಳುತ್ತೇನೆ ಎಂದರೆ ನಾಪತ್ತೆ. ನನಗೆ ಎಲ್ಲಿಲ್ಲದ ಕೋಪ ಬಂತು.

ಮುಂದಿನ ಭಾನುವಾರವೂ ಅದೇ ಕತೆ. ಭಾಯ್ ತಂದಿದ್ದೇ ಕಡಿಮೆ, ಅದೂ ಉಳಿಯಿತು. “ಸಾಬ್, ಈ ತಿಂಗ್ಳು ಕೊನೆ ಭಾನ್ವಾರ ಒಂದು ನೋಡ್ತೀನಿ, ಆಮೇಲೆ ಬಾಗ್ಲು ಹಾಕ್ತೀನಿ” ಎಂದರು. “ಕೆ.ಆರ್. ಪುರದಲ್ಲಿ ನಮ್ ಅಳಿಯಂದು ಚಿಕನ್ ಕೋಲ್ಡ್ ಸ್ಟೋರೇಜ್ ಇದೆ. ಬನ್ನಿ ಮಾಮು, ಕೌಂಟರ್‌ನಲ್ಲಿ ಕೂತ್ಕೊಳಿ ಅಂತಾನೆ. ಐಸ್ ಹಿಡ್ದಿರೋ ಪ್ಯಾಕೆಟ್ ಮಾರ್ಬೇಕು ನಾನು. ಮಚ್ಚು ಹಿಡ್ದ ಕೈ ಸಾಬ್ ಇದು.”

ಇನ್ನು ಮಾತಿನಿಂದ ಆಗದು, ಪ್ರಯೋಗವೇ ಆಗಬೇಕು ಎಂದು ತೀರ್ಮಾನಿಸಿದೆ. ಭಾಯ್ ಹತ್ತಿರ ಕುರಿಕಾಲು ತಂದು ಸೂಪು ಮಾಡಿಸಿ, ಅಪಾರ್ಟ್‌ಮೆಂಟಿನ ಗೇಟಿನ ಪಕ್ಕದ ಕಲ್ಲುಬೆಂಚಿನ ಮೇಲೆ ಕೂತು ಎಲ್ಲರ ಎದುರಿಗೆ ಕುಡಿದೆ. ಮೂಳೆಯನ್ನು ಸದ್ದು ಮಾಡಿ ಚೀಪಿದೆ. ಬಾಲ್ಕನಿಗಳಲ್ಲಿ ಜನ ನಿಂತರು. ಯಾರಿಗೂ ಬಾಯಲ್ಲಿ ನೀರೂರಿದಂತೆ ಕಾಣಲಿಲ್ಲ. ಎಲ್ಲರೂ ನಾನು ಯಾವಾಗ ಬೀಳುತ್ತೇನೆ ಎಂದು ಕಾಯುವವರಂತಿದ್ದರು. ಅಂದಿನಿಂದ ಸೆಕ್ರೆಟರಿ ಬೆಳಗ್ಗೆ ಸಂಜೆ ಎರಡು ಹೊತ್ತು ಬಾಗಿಲಿಗೆ ಬಂದು, “ಸಾರ್, ಹೇಗಿದೀರಾ? ಮೈ ಬೆಚ್ಚಗೇನಾದ್ರೂ ಇದ್ಯಾ?” ಎಂದು ವಿಚಾರಿಸತೊಡಗಿದರು. ಕಲ್ಲುಗುಂಡಿನ ಹಾಗಿದ್ದೇನೆ ಎಂದು ಎದೆ ತಟ್ಟಿ ತೋರಿಸುತ್ತಿದ್ದೆ.

ಆಮೇಲೆ ನನಗೆ ನೆಗಡಿಯಾಯಿತು.

ಬರೀ ನೆಗಡಿ. ಬೆಂಗಳೂರಿನಲ್ಲಿ ಮೋಡ ಕವಿದರೆ ಯಾರಿಗಾದರೂ ಬರುವಂಥದ್ದು. ಆದರೆ ಆಂಥ್ರಾಕ್ಸ್ ಪುಡಿ ಉಸಿರಿಗೆ ಹೋದರೆ ‘ಮೊದಲು ಸಾಮಾನ್ಯ ನೆಗಡಿ ಜ್ವರದ ಹಾಗೆಯೇ ಇರುತ್ತದೆ, ಯಾರೂ ಗಮನ ಕೊಡುವುದಿಲ್ಲ’ ಎಂದು ಭಾಷಣದಲ್ಲಿ ಕಣ್ಣರಳಿಸಿ ಹೇಳಿದ್ದವನು ನಾನೇ. ಲಿಫ್ಟಿನಲ್ಲಿ ಒಂದೇ ಒಂದು ಸೀನು ಬಂತು. ಮೊದಲ ಮಹಡಿಯಲ್ಲೇ ಲಿಫ್ಟ್ ಖಾಲಿಯಾಯಿತು. ಮಧ್ಯಾಹ್ನದ ಹೊತ್ತಿಗೆ ನಮ್ಮ ಬಾಗಿಲ ಮುಂದೆ ಯಾರೋ ಕಿತ್ತಳೆ ಹಣ್ಣು ಇಟ್ಟು, ಬೆಲ್ ಒತ್ತಿ ಓಡಿಹೋಗಿದ್ದರು. ಸೆಕ್ರೆಟರಿ ಮೆಟ್ಟಿಲ ಕೆಳಗಿಂದಲೇ ಕೂಗಿದರು: “ಸಾರ್, ನಮಗೋಸ್ಕರ ಎಷ್ಟು ದೊಡ್ಡ ತ್ಯಾಗ ಮಾಡ್ಬಿಟ್ರಿ!” ಅಲ್ಲಿಯವರೆಗೆ ಕದ್ದುಮುಚ್ಚಿ ಭಾಯ್ ಹತ್ತಿರ ಕೈಮ ತರುತ್ತಿದ್ದ ಒಂದೆರಡು ಮನೆಯವರೂ ಅವತ್ತಿನಿಂದ ನಿಲ್ಲಿಸಿದರು.

ಹೆಂಡತಿ ನನ್ನ ಕೈಗೆ ಬಿಸಿ ಮೆಣಸಿನ ಸಾರು ಕೊಟ್ಟು ಹೇಳಿದಳು: “ನೀವು ಮಾತಾಡಿದ್ದೂ ಸಾಕು, ತಿಂದಿದ್ದೂ ಸಾಕು, ಸೀನಿದ್ದೂ ಸಾಕು. ಭಾನುವಾರದವರೆಗೆ ಬಾಯಿ ಮುಚ್ಕೊಂಡು ಮಲಗಿ. ಮಿಕ್ಕಿದ್ದು ನಾನು ನೋಡ್ಕೊತೀನಿ.”

ತಿಂಗಳ ಕೊನೆಯ ಭಾನುವಾರ ಬೆಳಗ್ಗೆ ನಾನು ಎದ್ದಾಗ ಅಡುಗೆಮನೆಯಲ್ಲಿ ಕಾಫಿ ಹಾಕಲೂ ಪಾತ್ರೆಯಿರಲಿಲ್ಲ. ಅಟ್ಟದ ಬಾಗಿಲು ತೆರೆದಿತ್ತು. ಚಪ್ಪಲಿ ಮೆಟ್ಟಿಕೊಂಡು ಬೀದಿಯ ತುದಿಗೆ ಹೋದೆ. ಭಾಯ್ ಅಂಗಡಿಯ ಬಾಗಿಲು ಇನ್ನೂ ಹಾಕಿತ್ತು. ಮುಂದಿನ ಕಲ್ಲುಚಪ್ಪಡಿಯ ಈ ತುದಿಯಿಂದ ಆ ತುದಿಗೆ ಪಾತ್ರೆಗಳು. ನಮ್ಮ ಮದುವೆಯ ಉಡುಗೊರೆಯ ಸ್ಟೀಲು, ಮಗಳ ನಾಮಕರಣದ ಬೋಗುಣಿ, ಹಳೆಯ ಟಿಫನ್ ಕ್ಯಾರಿಯರಿನ ಬಿಡಿ ಬಿಡಿ ಬಟ್ಟಲು, ಹಿಡಿ ಮುರಿದ ಡಬ್ಬಿ, ಎಲ್ಲ ನಮ್ಮನೆಯದೇ. ನನ್ನ ಹೆಂಡತಿ ಆ ಸಾಲಿನ ಕೊನೆಯಲ್ಲಿ, ತಡವಾಗಿ ಬಂದು ಬೇಜಾರಾದವಳ ಮುಖ ಹಾಕಿಕೊಂಡು ನಿಂತಿದ್ದಳು.

ಚರ್ಚು ಬಿಟ್ಟು ಬಂದ ಮೊದಲ ಗುಂಪು ಅಲ್ಲಿ ತಡೆದು ನಿಂತಿತು. “ಏನ್ರೀ ಮೇಡಮ್, ಇಷ್ಟೊಂದು ರಶ್ಶು?”

“ಗೊತ್ತಿಲ್ಲಮ್ಮ. ನಾನ್ ಬರೋಷ್ಟ್ರಲ್ಲೇ ಇಷ್ಟು ಜನ ಇಟ್ಬಿಟ್ಟಿದ್ರು” ಎಂದಳು ಅವಳು, ಕಣ್ಣು ಮಿಟುಕಿಸದೆ. “ನಮಗೆ ಸಿಗತ್ತೋ ಇಲ್ವೋ.”

ನನ್ನ ಭಾಷಣ, ನನ್ನ ಲೇಖನ, ನನ್ನ ಕಾಲುಸೂಪು ಮಾಡದ ಕೆಲಸವನ್ನು ಆ ‘ಸಿಗತ್ತೋ ಇಲ್ವೋ’ ಮಾಡಿತು. ಬೇರೆಯವರಿಗೆ ಸಿಕ್ಕಿ ತಮಗೆ ತಪ್ಪಿಹೋಗುವುದು ಆಂಥ್ರಾಕ್ಸಿಗಿಂತ ಭಯಂಕರ. ಒಬ್ಬರು ಮನೆಗೆ ಫೋನ್ ಮಾಡಿ ಪಾತ್ರೆ ತರಿಸಿದರು. ಇನ್ನೊಬ್ಬರು ಪಕ್ಕದ ಬೇಕರಿಯಿಂದ ಖಾಲಿ ಡಬ್ಬ ಕೇಳಿ ತಂದಿಟ್ಟರು. ವಾಕಿಂಗಿನಿಂದ ಬರುತ್ತಿದ್ದ ಸೆಕ್ರೆಟರಿ ಸಾಲು ಕಂಡವರೇ ತಿರುಗಿ ಓಡಿದರು. ಅವರು ಅಷ್ಟು ಜೋರಾಗಿ ಓಡಿದ್ದನ್ನು ನಾನು ನೋಡಿದ್ದು ಅದೇ ಮೊದಲು. ಕುಕ್ಕರ್ ಹಿಡಿದುಕೊಂಡು ಬಂದರು. ನನ್ನನ್ನು ಕಂಡು, “ಸಾರ್, ನೆಗಡಿ ಹೋಯ್ತಲ್ಲ? ನಂಗೊತ್ತಿತ್ತು ಬರೀ ನೆಗಡಿ ಅಂತ” ಎಂದರು. ಅವರ ಕುತ್ತಿಗೆ ಹಿಸುಕಬೇಕೆನಿಸಿತು. ಹೆಂಡತಿಯ ಅಪ್ಪಣೆ ನೆನಪಾಗಿ ಸುಮ್ಮನಿದ್ದೆ.

ಭಾಯ್ ಬಾಗಿಲು ತೆಗೆದರು. ಸಾಲು ನೋಡಿದರು. ಆಮೇಲೆ ಮುಂದಿನ ಪಾತ್ರೆಗಳನ್ನು ಒಂದೊಂದಾಗಿ ಎತ್ತಿ ತಿರುಗಿಸಿ ನೋಡಿದರು. ಎಷ್ಟೋ ವರ್ಷದಿಂದ ಗಿರಾಕಿಗಳ ಮುಖಕ್ಕಿಂತ ಪಾತ್ರೆಗಳನ್ನು ಹೆಚ್ಚು ನೋಡಿದ ಮನುಷ್ಯ. ನಮ್ಮ ಕಳ್ಳತನ ಬಯಲಾಯಿತು ಎಂದು ನಾನು ನೆಲ ನೋಡಿದೆ. ಆದರೆ ಅವರು ಆ ಪಾತ್ರೆಗಳಿಗೆಲ್ಲ ಮಾಂಸ ಹಾಕತೊಡಗಿದರು. ಸಾಲಿನಲ್ಲಿ ಇಟ್ಟ ಪಾತ್ರೆಯನ್ನು ಖಾಲಿ ಕಳಿಸುವಂತಿಲ್ಲವಲ್ಲ. ಅದನ್ನೆಲ್ಲ ತಿನ್ನಬೇಕಾದವನು ನಾನು ಎಂಬುದು ಅಲ್ಲೇ ಹೊಳೆಯಿತು.

ಹಿಡಿ ಮುರಿದ ಡಬ್ಬಿ ಕೈಗೆ ಬಂದಾಗ ಭಾಯ್ ಮಚ್ಚು ಕೆಳಗಿಟ್ಟರು. “ಅಕ್ಕಾ, ಇದು ಅಮ್ಮಂದು ಅಲ್ವಾ?”

ನನ್ನ ಅತ್ತೆಯದು. ಕೊನೆಗಾಲದಲ್ಲಿ ನಮ್ಮೊಂದಿಗಿದ್ದು, ಇದೇ ಬೀದಿಯಲ್ಲಿ ನಡೆದಾಡಿ, ತೀರಿಕೊಂಡು ವರ್ಷಗಳಾಗಿದ್ದವು. ಹೆಂಡತಿ ತಲೆಯಾಡಿಸಿದಳು.

“ಅಮ್ಮಂಗೆ ಲಿವರ್ ಅಂದ್ರೆ ಇಷ್ಟ. ಅಮ್ಮ ಬರೋಷ್ಟ್ರಲ್ಲಿ ಅಬ್ಬಾ ಎತ್ತಿಡ್ತಿದ್ರು, ಬೇರೆಯವ್ರಿಗೆ ಕೊಡ್ತಿರ್ಲಿಲ್ಲ” ಎಂದು, ಅಲ್ಲಿದ್ದ ಲಿವರನ್ನೆಲ್ಲ ತೆಗೆದು, ಸಣ್ಣಗೆ ಹೆಚ್ಚಿ ಆ ಡಬ್ಬಿಗೆ ತುಂಬಿ ಮುಚ್ಚಳ ಹಾಕಿದರು.

ಬೆಳಗಿನಿಂದ ಇಡೀ ಬೀದಿಗೆ ಸುಳ್ಳು ಹೇಳಿ ರೆಪ್ಪೆ ಅಲ್ಲಾಡಿಸದಿದ್ದ ನನ್ನ ಹೆಂಡತಿ ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಅತ್ತಳು. ನಾನೂ ಮೂಗು ಒರೆಸಿಕೊಂಡೆ. ಅದು ನೆಗಡಿಯಲ್ಲ.

ಹಿಂದಿನಿಂದ ಸೆಕ್ರೆಟರಿ ಕುಕ್ಕರ್ ಎತ್ತಿ ಹಿಡಿದು ಕೂಗಿದರು. “ಭಾಯ್, ಬೇಗ ಬೇಗ! ನಮಗೂ ಸ್ವಲ್ಪ ಲಿವರ್ ಇರ್ಲಿ!”

ಭಾಯ್ ಮಚ್ಚಿನಿಂದ ದಿಮ್ಮಿ ಕೆರೆಯುತ್ತ, ತಲೆ ಎತ್ತದೆ ಹೇಳಿದರು: “ಲಿವರ್ ಖಾಲಿ ಸಾರ್. ಮುಂದಿನ್ ಭಾನ್ವಾರ ಬೇಗ ಬಂದು ಪಾತ್ರೆ ಇಡಿ.”