ನೊಗ ಕಾಣದ ಎತ್ತುಗಳ ಸಮಾಧಿ

ಅವತ್ತು ಬೆಳಿಗ್ಗೆ ಒಂಬತ್ತೂಕಾಲಿಗೆ ನಾನು ಸುಳ್ಳು ಹೇಳಿದೆ, ಬೋರಯ್ಯ ಮಾಮ. ಭಯಕ್ಕೆ ಬಾಯಿ ತಪ್ಪಿತು ಎಂದು ನನಗೆ ನಾನೇ ಹೇಳಿಕೊಂಡು ಬಂದೆ — ಅಲ್ಲ, ತಿಳಿದೇ ಹೇಳಿದೆ.

ನಮ್ಮ ಹಟ್ಟಿಯ ದೇವರ ಎತ್ತುಗಳನ್ನು ಕಾಯುವ ಕಿಲಾರಿ ನೀನು. ಕೂಡ್ಲಿಗಿಯಲ್ಲಿ ಡಿಗ್ರಿ ಮುಗಿಸಿದ ನಿನ್ನ ಅಳಿಯ ನಾನು. ಆ ಎತ್ತುಗಳಿಗೆ ನಾವು ನೊಗ ಹೂಡುವುದಿಲ್ಲ, ಅವು ಮೇಯುವ ನೆಲಕ್ಕೆ ನೇಗಿಲು ತಾಗಿಸುವುದಿಲ್ಲ. ಆ ಕಟ್ಟಳೆಯೇ ನಮಗೆ ಮುಳುವಾಯಿತು. ಉಳದ ನೆಲ ಯಾರದೂ ಅಲ್ಲ, ಸರ್ಕಾರದ್ದು — ಬ್ರಿಟಿಷರ ಕಾಲದ ಮದ್ರಾಸಿನ ಅಧಿಕಾರಿಗಳು ನಕ್ಷೆಯಲ್ಲಿ ಹಾಗೆಂದು ಗೆರೆ ಎಳೆದು ಹೋದರು. ಅದೇ ಗೆರೆ ಹಿಡಿದು ಅವತ್ತು ಅರಣ್ಯದವರು ಎತ್ತುಗಳ ದೊಡ್ಡಿ ಕೆಡವಲು ಜೆಸಿಬಿ ತಂದರು.

ನೀನು ದೊಡ್ಡಿಯ ಮುಳ್ಳುಬೇಲಿಯ ಮುಂದೆ ಮಲಗಿಬಿಟ್ಟೆ. ಗಾರ್ಡ್ ನಿನ್ನ ಕುತ್ತಿಗೆಗೆ ಲಾಠಿ ಅಡ್ಡ ಒತ್ತಿದ. ಇನ್ನೊಬ್ಬ ನನ್ನ ತೋಳು ತಿರುಚಿ ಹಿಡಿದಿದ್ದ — ಮೂಳೆ ಲಟಕ್ಕೆಂದ ಸದ್ದು ಈಗಲೂ... ಆಗ ಅರಣ್ಯದ ಸಾಹೇಬ ಬೇಲಿಯಾಚೆ ಸಾಲಾಗಿ ನೆಟ್ಟ ಕಲ್ಲುಗಳನ್ನು ತೋರಿಸಿ, ಅವೇನು ಎಂದು ಕೇಳಿದ.

ಉಸಿರು ಸಿಗದಿದ್ದರೂ ನೀನು ನನ್ನತ್ತ ತಿರುಗಿ ಅಂದೆ: "ನೀ ಹೇಳಲೇ. ಓದಿದಾವ ಅದಿ, ನಿನ್ ಮಾತು ಕೇಳ್ತಾರ."

ಸತ್ತ ಎತ್ತುಗಳನ್ನು ಹಿರಿಯರು ಮನುಷ್ಯರಂತೆಯೇ ಮಣ್ಣು ಮಾಡಿದ ಜಾಗ ಅದು. ಅಂಥ ಸಮಾಧಿಯೂ ನೆಲದ ಹಕ್ಕಿಗೆ ಸಾಕ್ಷಿಯಾಗುತ್ತದೆ ಎಂದು ಈಗಿನ ಅರಣ್ಯ ಹಕ್ಕು ಕಾಯ್ದೆ ಒಪ್ಪುತ್ತದೆ. ಹಟ್ಟಿಯಲ್ಲಿ ಕಾಯ್ದೆಯ ಆ ಮಾತು ಗೊತ್ತಿದ್ದದ್ದು ನನಗೊಬ್ಬನಿಗೇ.

"ಏನಿಲ್ಲ ಸರ್, ಬರೀ ಕಲ್ಲು," ಎಂದೆ ನಾನು.

ನನ್ನ ತೋಳು ಬಿಟ್ಟರು. ಜೆಸಿಬಿ ಆ ಸಾಲಿನ ಮೇಲೆಯೇ ಹಾದುಹೋಯಿತು. ಮೊದಲಿನಿಂದಲೂ ಗುಡುಗುತ್ತಿದ್ದ ಅದರ ಸದ್ದಿನಲ್ಲಿ ನನ್ನ ಮಾತು ನಿನಗೆ ಕೇಳಿಸಿರಲಿಲ್ಲ. ಸಂಜೆ ಹಟ್ಟಿಯವರು ಕೇಳಿದಾಗ, "ನಾನು ಸಮಾಧಿ ಎಂದೇ ಹೇಳಿದೆ, ಸಾಹೇಬರೇ ಲೆಕ್ಕಕ್ಕೆ ತಗೊಳ್ಳಲಿಲ್ಲ" ಎಂದುಬಿಟ್ಟೆ. ಎಲ್ಲರೂ ನಂಬಿದರು — ನೀನೂ. ಆಮೇಲೆ ಆ ನೆಲಕ್ಕೆ ಹಾಕಿದ ನಮ್ಮ ಹಕ್ಕಿನ ಅರ್ಜಿ ಸಾಕ್ಷಿಯಿಲ್ಲವೆಂದು ಬಿದ್ದುಹೋಯಿತು. ಅಂದಿನಿಂದ ನೀನು ದೇವರ ಎತ್ತುಗಳನ್ನು ಹೆದ್ದಾರಿಯ ಬದಿಯಲ್ಲಿ, ಲಾರಿಗಳಿಗೆ ಅಂಜುತ್ತಾ ಮೇಯಿಸುತ್ತಿದ್ದೀ.

ಕಳೆದ ಸೋಮವಾರ ಗ್ರಾಮಸಭೆಯಲ್ಲಿ, ನಿನ್ನ ಎದುರೇ ಎದ್ದು ನಿಂತು ಇದನ್ನೆಲ್ಲ ಹೇಳಿದೆ. ನೀನು ಬೈಯಲಿಲ್ಲ. ಕೇಳಿದ್ದು ಒಂದೇ ಮಾತು: "ಅವತ್ತ ಅಂದಿದ್ರ ಕಲ್ಲಾದ್ರೂ ಇರ್ತಿದ್ವು. ಈಗ ಏನ್ ತೋರಸ್ಲಿ ನಾ?"

ಅರ್ಜಿ ಬಿದ್ದದ್ದಕ್ಕೆ ನಾವು ಹಾಕಿರುವ ಮೇಲ್ಮನವಿಯ ವಿಚಾರಣೆಗೆ ಕರೆದಾಗ ಅಧಿಕಾರಿಗಳ ಮುಂದೆಯೂ ಇದನ್ನೇ ಹೇಳುತ್ತೇನೆ, ಅಷ್ಟೇ.

ಆ ಸೋಮವಾರ ರಾತ್ರಿ ನಾನು ಬೆಳಗಿನವರೆಗೂ ಎಚ್ಚರವಿಲ್ಲದೆ ನಿದ್ದೆ ಮಾಡಿದೆ. ನೀನು ಕಣ್ಣು ಮುಚ್ಚಲೇ ಇಲ್ಲವಂತೆ — ಅತ್ತೆ ಹೇಳಿದಳು.